ಹಾಡುವ ಗೆರೆಯನ್ನು ಹುಡುಕಿಕೊಂಡು: ದ್ವಾರಕಾದಿಂದ ಜೈಪುರ್ ಹೌಸ್‌ಗೆ



ಊರಿನಿಂದ ಬಂದ ನೆಂಟರು ನಮ್ಮ ಮನೆಯ ಬಾಲ್ಕನಿಯಲ್ಲಿ ನಿಂತು ಕೇಳುವ ಮೊದಲ ಪ್ರಶ್ನೆ: "ಅಲ್ಲಾ, ನಿಮ್ಮ ದ್ವಾರಕಾದಲ್ಲಿ ನೋಡುವಂಥದ್ದು ಏನಿದೆ?" ಶ್ರೀಕೃಷ್ಣನ ದ್ವಾರಕೆ ದೂರದ ಗುಜರಾತಿನ ಸಮುದ್ರತೀರದಲ್ಲಿದೆ. ನಮ್ಮದು ದೆಹಲಿ ಅಭಿವೃದ್ಧಿ ಪ್ರಾಧಿಕಾರದವರು ನಕ್ಷೆ ಹಾಕಿ ಕಟ್ಟಿಸಿದ ದ್ವಾರಕಾ. ಹಿಂದೆ ಇದಕ್ಕೆ ಪಪ್ಪನ್‌ಕಲಾ ಎಂದು ಹೆಸರಿತ್ತು. ಇಲ್ಲಿ ವಿಳಾಸವೆಂದರೆ ಬರೀ ಅಂಕಿ: ಸೆಕ್ಟರ್ ಇಷ್ಟು, ಪ್ಲಾಟ್ ಇಷ್ಟು, ಫ್ಲಾಟ್ ಇಷ್ಟು. ಪತ್ರ ಬರೆಯುವವರಿಗೆ ಗಣಿತ ಬರಬೇಕು! ಹತ್ತಿರದಲ್ಲೇ ವಿಮಾನ ನಿಲ್ದಾಣ ಇರುವುದರಿಂದ ಮಾತಿನ ನಡುವೆ ಆಗಾಗ್ಗೆ ಒಂದು ವಿಮಾನ ತಲೆಯ ಮೇಲೆ ಹಾದು ಹೋಗುತ್ತದೆ. ಆಗ ನಾವು ಮಾತು ನಿಲ್ಲಿಸುತ್ತೇವೆ, ಅದು ಹೋದ ಮೇಲೆ ನಿಲ್ಲಿಸಿದಲ್ಲಿಂದಲೇ ಮುಂದುವರಿಸುತ್ತೇವೆ. ಹೊಸಬರು ಇದನ್ನು ನೋಡಿ ನಗುತ್ತಾರೆ.

ಹಾಗೆಂದು ಏನೂ ಇಲ್ಲವೆನ್ನಬೇಡಿ. ಸೆಕ್ಟರ್ 12ರಲ್ಲಿ ಲೋದಿ ಅರಸರ ಕಾಲದ ಒಂದು ಮೆಟ್ಟಿಲು ಬಾವಿ ಇದೆ. ಎಲ್ಲಕ್ಕಿಂತ ಮುಖ್ಯವಾಗಿ ನಮಗೆ ಮೆಟ್ರೋ ಇದೆ. 2005ರ ಡಿಸೆಂಬರ್ 31ರಂದು ನೀಲಿ ಮಾರ್ಗ ದ್ವಾರಕಾ ತಲುಪಿದಾಗಿನಿಂದ ನಾವು ದೆಹಲಿಯವರಾದೆವು ಎಂದರೆ ಅತಿಶಯೋಕ್ತಿಯಲ್ಲ. ಅದಕ್ಕೆ ಮುಂಚೆ "ದೆಹಲಿಗೆ ಹೋಗಿ ಬರುತ್ತೇನೆ" ಎಂದು ಹೇಳಿ ಹೊರಡುತ್ತಿದ್ದ ಹಿರಿಯರು ನಮ್ಮಲ್ಲಿದ್ದಾರೆ.

ಈ ಲೇಖನ ಅದೇ ಮೆಟ್ರೋದಲ್ಲಿ ನಾನು ಮತ್ತು ನನ್ನ ಮಗಳು ಒಂದು ಭಾನುವಾರ ಮಾಡಿದ ಪ್ರವಾಸದ ಕಥೆ. ಹೋಗಿದ್ದು ಚಿತ್ರ ನೋಡಲು. ಆದರೆ ಹೊರಟಿದ್ದು ಬೇರೊಂದು ಕಾರಣಕ್ಕೆ. ಆ ಕಾರಣದಲ್ಲಿ ನನ್ನದೇ ಒಂದು ತಪ್ಪಿದೆ. ಅದನ್ನು ಮೊದಲು ಒಪ್ಪಿಕೊಂಡುಬಿಡುತ್ತೇನೆ.

ಗೋಡೆಯ ಮೇಲಿನ ಅತಿಥಿಗಳು

ನಮ್ಮ ಮನೆಯ ಐದನೆಯ ಮಹಡಿಯ ಒಂದು ಕೋಣೆಯಲ್ಲಿ ಅಮೆರಿಕದ ಜಾಝ್ ಸಂಗೀತಗಾರರು ವಾಸವಾಗಿದ್ದಾರೆ! ಗಾಬರಿಯಾಗಬೇಡಿ, ಅವರೆಲ್ಲ ಗೋಡೆಯ ಮೇಲಿದ್ದಾರೆ. ಕಾಲೇಜಿನಲ್ಲಿ ಓದುತ್ತಿರುವ ನನ್ನ ಮಗಳು ಬಿಡುವಿನ ವೇಳೆಯಲ್ಲಿ ಬರೆಯುವುದು ಅವರ ಭಾವಚಿತ್ರಗಳನ್ನೇ. ಕೆನ್ನೆಗಳನ್ನು ಕಪ್ಪೆಯಂತೆ ಉಬ್ಬಿಸಿ, ಬಾಯಿ ಮೇಲಕ್ಕೆ ಬಾಗಿದ ತುತ್ತೂರಿ ಊದುವ ಡಿಜ್ಜಿ ಗಿಲೆಸ್ಪಿ. ಕಣ್ಣು ಮುಚ್ಚಿ ಸ್ಯಾಕ್ಸೋಫೋನ್ ನುಡಿಸುವ ಜಾನ್ ಕೋಲ್ಟ್ರೇನ್. ಮುಡಿಯಲ್ಲಿ ಬಿಳಿಯ ಹೂವಿಟ್ಟ ಗಾಯಕಿ ಬಿಲ್ಲಿ ಹಾಲಿಡೇ. ಊರಿನಿಂದ ಬಂದಿದ್ದ ನನ್ನ ಅತ್ತೆಯವರು ಈ ಕೊನೆಯ ಚಿತ್ರದ ಮುಂದೆ ನಿಂತು, "ಇದು ಯಾರೇ, ಪಾಪ, ಗಂಧರಾಜ ಮುಡಿದಿದ್ದಾಳಲ್ಲ!" ಎಂದು ಸಂತೋಷಪಟ್ಟರು. ನಿಜಕ್ಕೂ ಅದು ಗಾರ್ಡೇನಿಯಾ, ನಮ್ಮ ಗಂಧರಾಜದ ಜಾತಿಯೇ. ನಾನು ಆರು ತಿಂಗಳಿನಿಂದ ಆ ಚಿತ್ರವನ್ನು ನೋಡುತ್ತಿದ್ದೆ, ಹೂವನ್ನು ಗಮನಿಸಿರಲಿಲ್ಲ.

ಆ ವರ್ಷ ನಮ್ಮ ಬಡಾವಣೆಯ ಕನ್ನಡ ಬಳಗದವರು ರಾಜ್ಯೋತ್ಸವಕ್ಕೆ ಮಕ್ಕಳ ಚಿತ್ರಪ್ರದರ್ಶನ ಇಡುವುದೆಂದು ತೀರ್ಮಾನಿಸಿದರು. ನಾನೂ ಸಮಿತಿಯಲ್ಲಿದ್ದೆ. ಮಗಳು ಮೂರು ಚಿತ್ರ ಕೊಟ್ಟಳು. ಹಂಪಿಯ ಕಲ್ಲಿನ ರಥ, ಭುವನೇಶ್ವರಿ, ಜೋಗದ ಜಲಪಾತ, ಕುವೆಂಪು ಇವರ ಸಾಲಿನಲ್ಲಿ ಡಿಜ್ಜಿ ಗಿಲೆಸ್ಪಿ ಕೆನ್ನೆ ಉಬ್ಬಿಸಿಕೊಂಡು ಕುಳಿತರು. ಸಭೆಯಲ್ಲಿ ಒಬ್ಬರು ಹೇಳಿದರು: "ಚಿತ್ರ ಚೆನ್ನಾಗಿದೆ. ಆದರೆ ಇದಕ್ಕೂ ಕನ್ನಡಕ್ಕೂ ಏನು ಸಂಬಂಧ?"

ಹಾಗೆ ಹೇಳಿದ ಆ ಒಬ್ಬರು ಬೇರಾರೂ ಅಲ್ಲ, ನಾನೇ. ಮಗಳ ಚಿತ್ರವೆಂದು ಪಕ್ಷಪಾತ ಮಾಡಿದೆನೆಂದು ಯಾರೂ ಅನ್ನಬಾರದಲ್ಲ, ಅದಕ್ಕೆ ನಾನೇ ಮೊದಲು ಆಕ್ಷೇಪಣೆ ಎತ್ತಿದೆ. ಚಿತ್ರಗಳು ಮನೆಗೆ ವಾಪಸಾದವು. ಮಗಳು ಜಗಳವಾಡಲಿಲ್ಲ. "ಸರಿ ಅಪ್ಪ" ಎಂದಳು. ಆಮೇಲೆ ರಾಜ್ಯೋತ್ಸವಕ್ಕೂ ಬರಲಿಲ್ಲ, ಯುಗಾದಿಯ ಕಾರ್ಯಕ್ರಮಕ್ಕೂ ಬರಲಿಲ್ಲ. ನಾನು ಕನ್ನಡದಲ್ಲಿ ಕೇಳಿದ್ದಕ್ಕೆ ಹಿಂದಿಯಲ್ಲಿ ಉತ್ತರ ಕೊಡತೊಡಗಿದಳು. ಮಕ್ಕಳ ಸಿಟ್ಟಿನಲ್ಲಿ ಹಲವು ಬಗೆ ಇದೆ ಮಿತ್ರರೇ. ಭಾಷೆ ಬದಲಾಯಿಸುವ ಸಿಟ್ಟು ಇದೆಯಲ್ಲ, ಅದು ತಂದೆತಾಯಿಯನ್ನು ಎಲ್ಲಕ್ಕಿಂತ ಹೆಚ್ಚು ನೋಯಿಸುತ್ತದೆ. ನಿಮಗೂ ಇದು ಗೊತ್ತಿರಬಹುದು!

ಆಗ ನನಗೆ ನೆನಪಾದವರು ಕೆ. ಕೆ. ಹೆಬ್ಬಾರರು. ನಮ್ಮವರೇ ಆದ ಅಷ್ಟು ದೊಡ್ಡ ಚಿತ್ರಕಾರರನ್ನು ತೋರಿಸಿದರೆ ಹುಡುಗಿಯ ಮನಸ್ಸು ತಿರುಗೀತು ಎಂಬ ಲೆಕ್ಕಾಚಾರ ನನ್ನದು. ಲೆಕ್ಕ ತಲೆಕೆಳಗಾದ ಕಥೆಯನ್ನು ಮುಂದೆ ಹೇಳುತ್ತೇನೆ.

ನೀಲಿ ಮಾರ್ಗದಲ್ಲಿ ಒಂದು ಪಾಠ

ದ್ವಾರಕಾ ಸೆಕ್ಟರ್ 10ರಿಂದ ಸುಪ್ರೀಂ ಕೋರ್ಟ್ ನಿಲ್ದಾಣಕ್ಕೆ ಸುಮಾರು ಒಂದು ಗಂಟೆಯ ದಾರಿ. ಈ ನಿಲ್ದಾಣಕ್ಕೆ ಮೊದಲು ಪ್ರಗತಿ ಮೈದಾನ ಎಂಬ ಹೆಸರಿತ್ತು, ಹಳಬರು ಈಗಲೂ ಹಾಗೆಯೇ ಕರೆಯುತ್ತಾರೆ. ಮಗಳು ಕಿಟಕಿಗೆ ಒರಗಿ ನಿಂತಿದ್ದಳು. ಉತ್ತಮ್ ನಗರ, ಜನಕಪುರಿ, ತಿಲಕ್ ನಗರ ದಾಟುವವರೆಗೂ ಮಾತಿಲ್ಲ. ಕೊನೆಗೆ ನಾನೇ ಸೋತು ಕೇಳಿದೆ: "ನೀನು ಫೋಟೋ ನೋಡಿಕೊಂಡು ತಾನೇ ಬರೆಯುವುದು? ಫೋಟೋನೇ ಇರುವಾಗ ಮತ್ತೆ ಚಿತ್ರ ಯಾಕೆ?"

ಅವಳು ಕಿವಿಯಿಂದ ಇಯರ್‌ಫೋನಿನ ಒಂದು ತುದಿ ತೆಗೆದು ನನ್ನ ಕಿವಿಗಿಟ್ಟಳು. ಒಂದು ಪಿಯಾನೋ. "ಅರ್ಲ್ ಹೈನ್ಸ್" ಎಂದಳು. ಆಮೇಲೆ ಹೇಳಿದ ಕಥೆ ಇದು.

ಅಮೆರಿಕದಲ್ಲಿ ರೊಮೇರ್ ಬೇರ್ಡನ್ ಎಂಬ ಚಿತ್ರಕಾರರಿದ್ದರು (1911-1988). ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ, ಕರಿಯ ಜನರ ಸಂಗೀತ ಸಾಹಿತ್ಯಗಳ ಬೀಡಿನಲ್ಲಿ ಬೆಳೆದವರು. ಡ್ಯೂಕ್ ಎಲಿಂಗ್ಟನ್‌ರಂಥ ಸಂಗೀತಗಾರರು ಅವರ ಮನೆಗೆ ಬಂದು ಹೋಗುತ್ತಿದ್ದರು. ಮುಂದೆ ಬಣ್ಣದ ಕಾಗದ, ಫೋಟೋದ ತುಂಡುಗಳನ್ನು ಕತ್ತರಿಸಿ ಅಂಟಿಸಿ ಜಾಝ್ ವಾದಕರ ಚಿತ್ರಗಳನ್ನು ಮಾಡಿ ಪ್ರಸಿದ್ಧರಾದರು. ಅವರಿಗೆ ಸ್ಟುವರ್ಟ್ ಡೇವಿಸ್ ಎಂಬ ಹಿರಿಯ ಚಿತ್ರಕಾರ ಒಂದು ಬುದ್ಧಿಮಾತು ಹೇಳಿದರಂತೆ: ಚಿತ್ರ ಕಲಿಯಬೇಕಾದರೆ ಅರ್ಲ್ ಹೈನ್ಸ್ ಅವರ ಪಿಯಾನೋ ಕೇಳು ಎಂದು. ಬೇರ್ಡನ್ ಕೇಳಿದರು. ಕೇಳುತ್ತಾ ಕೇಳುತ್ತಾ ಅವರ ಗಮನ ಸ್ವರಗಳಿಂದ ಜಾರಿ, ಎರಡು ಸ್ವರಗಳ ನಡುವಿನ ಖಾಲಿ ಜಾಗಕ್ಕೆ ಹೋಯಿತು. ಚಿತ್ರದಲ್ಲಿ ಎಲ್ಲಿ ಬಣ್ಣ ಹಾಕಬೇಕು ಎನ್ನುವಷ್ಟೇ ಎಲ್ಲಿ ಬಿಡಬೇಕು ಎನ್ನುವುದೂ ಮುಖ್ಯ ಎಂದು ಅವರಿಗೆ ಹೊಳೆದದ್ದು ಆ ಪಿಯಾನೋದಿಂದ.

"ಫೋಟೋದಲ್ಲಿ ಮುಖ ಸಿಗತ್ತೆ ಅಪ್ಪ. ಆ ಬಿಟ್ಟ ಜಾಗ ಸಿಗಲ್ಲ. ಅದು ಕೇಳಿದರೇ ಸಿಗೋದು" ಎಂದಳು. ಹೇಳಿದ್ದು ಕನ್ನಡದಲ್ಲಿ. ನಾನು ಅದನ್ನು ಗಮನಿಸಿದ್ದನ್ನು ತೋರಿಸಿಕೊಳ್ಳಲಿಲ್ಲ.

ಜಾಝ್ ಅಂದರೆ ಏನು ಎಂದು ಗೊತ್ತಿಲ್ಲದವರಿಗಾಗಿ ಒಂದು ಮಾತು. ನಮ್ಮ ಸಂಗೀತ ಕಚೇರಿಯಲ್ಲಿ ವಿದ್ವಾಂಸರು ಕೃತಿಯನ್ನು ಹಾಡಿದ ಮೇಲೆ ಒಂದು ಸಾಲನ್ನು ಹಿಡಿದು ಕಲ್ಪನಾಸ್ವರ ಹಾಕುತ್ತಾರಲ್ಲ, ಹಿಂದೆ ಪಿಟೀಲಿನವರು ಅದಕ್ಕೆ ಉತ್ತರ ಕೊಡುತ್ತಾರಲ್ಲ, ಜಾಝ್‌ನ ಜೀವವೂ ಅಲ್ಲೇ ಇದೆ. ಒಂದು ಪರಿಚಿತ ಹಾಡು ಇರುತ್ತದೆ. ಅದನ್ನು ನುಡಿಸಿ, ಆಮೇಲೆ ಒಬ್ಬೊಬ್ಬರಾಗಿ ಆ ಹಾಡಿನ ಆಧಾರದ ಮೇಲೆ ಆ ಕ್ಷಣಕ್ಕೆ ಹೊಳೆದದ್ದನ್ನು ನುಡಿಸುತ್ತಾ ಹೋಗುತ್ತಾರೆ. ನಮ್ಮಲ್ಲಿ ಅದಕ್ಕೆ ಮನೋಧರ್ಮ ಎನ್ನುತ್ತೇವೆ. ನಿನ್ನೆ ನುಡಿಸಿದ್ದು ಇವತ್ತು ಬರುವುದಿಲ್ಲ. ಹೀಗಾಗಿ ಅಂಥವರ ಭಾವಚಿತ್ರ ಬರೆಯುವುದು ಕಷ್ಟ. ಕೂತ ಮನುಷ್ಯನನ್ನು ಬರೆಯಬಹುದು, ಹೊಳೆಯುತ್ತಿರುವುದನ್ನು ಬರೆಯುವುದು ಹೇಗೆ?

ಝಂಡೇವಾಲಾನ್ ಹತ್ತಿರ ಎತ್ತರದ ಹನುಮಂತನ ಮೂರ್ತಿ ಕಿಟಕಿಯ ಪಕ್ಕದಲ್ಲೇ ಹಾದುಹೋಯಿತು. ಅಭ್ಯಾಸದಂತೆ ಕೈ ಮುಗಿದೆ. ರೈಲು ನೆಲದಡಿಗೆ ಇಳಿಯಿತು, ರಾಜೀವ್ ಚೌಕದಲ್ಲಿ ಅರ್ಧ ಜನ ಇಳಿದು ಇನ್ನರ್ಧ ಜನ ಹತ್ತಿದರು. ಮಂಡಿ ಹೌಸ್ ದಾಟಿದ ಮೇಲೆ ಮತ್ತೆ ಬೆಳಕಿಗೆ ಬಂದೆವು.

ನಿಲ್ದಾಣದಿಂದ ಆಟೋದಲ್ಲಿ ಹೋಗುವಾಗ ಅವಳು ಇನ್ನೊಂದು ವಿಷಯ ಹೇಳಿದಳು. 1963ರಲ್ಲಿ ಡ್ಯೂಕ್ ಎಲಿಂಗ್ಟನ್ ತಮ್ಮ ವಾದ್ಯವೃಂದದೊಡನೆ ಇದೇ ದೆಹಲಿಗೆ ಬಂದಿದ್ದರು, ಇಲ್ಲಿ ಕಾಯಿಲೆಯೂ ಬಿದ್ದರು. ಆ ಪೂರ್ವದೇಶಗಳ ಪ್ರವಾಸದ ನೆನಪಿನಿಂದ ಹುಟ್ಟಿದ್ದು ಅವರ 'ಫಾರ್ ಈಸ್ಟ್ ಸೂಟ್' ಎಂಬ ಕೃತಿ. ಹುಡುಗನಾಗಿದ್ದಾಗ ಎಲಿಂಗ್ಟನ್‌ಗೆ ಚಿತ್ರಕಲೆ ಕಲಿಯಲು ವಿದ್ಯಾರ್ಥಿವೇತನ ಸಿಕ್ಕಿತ್ತಂತೆ, ಅದನ್ನು ಬಿಟ್ಟು ಸಂಗೀತಕ್ಕೆ ಹೋದರಂತೆ. ನಾನೂ ಸುಮ್ಮನಿರಲಿಲ್ಲ. ನಮ್ಮ ಮೈಸೂರಿನ ಚಿತ್ರಕಾರ ಕೆ. ವೆಂಕಟಪ್ಪನವರು ಕಲ್ಕತ್ತೆಯಲ್ಲಿ ಅವನೀಂದ್ರನಾಥ ಠಾಕೂರರ ಶಿಷ್ಯರಾಗಿದ್ದು ಬಂದು, ಆಮೇಲೆ ವೀಣೆ ಶೇಷಣ್ಣನವರಲ್ಲಿ ವೀಣೆ ಕಲಿತ ಕಥೆ ಹೇಳಿದೆ. "ಹೌದಾ?" ಎಂದು ನನ್ನ ಕಡೆ ತಿರುಗಿದಳು. ಒಂದು ವರ್ಷದಲ್ಲಿ ಅವಳು ನನ್ನನ್ನು "ಹೌದಾ" ಎಂದು ಕೇಳಿದ್ದು ಅದೇ ಮೊದಲು.

ಚಿಟ್ಟೆಯಾಕಾರದ ಮನೆ

ಇಂಡಿಯಾ ಗೇಟಿನ ಪಕ್ಕದಲ್ಲಿರುವ ಜೈಪುರ್ ಹೌಸ್ 1936ರಲ್ಲಿ ಜಯಪುರದ ಮಹಾರಾಜರಿಗಾಗಿ ಕಟ್ಟಿದ ಅರಮನೆ. ಮೇಲಿನಿಂದ ನೋಡಿದರೆ ರೆಕ್ಕೆ ಬಿಚ್ಚಿದ ಚಿಟ್ಟೆಯ ಆಕಾರ, ನಡುವೆ ಗುಮ್ಮಟ. 1954ರ ಮಾರ್ಚ್ 29ರಂದು ಆಗಿನ ಉಪರಾಷ್ಟ್ರಪತಿ ಡಾ. ರಾಧಾಕೃಷ್ಣನ್ ಅವರು ಇಲ್ಲಿ ರಾಷ್ಟ್ರೀಯ ಆಧುನಿಕ ಕಲಾ ಸಂಗ್ರಹಾಲಯವನ್ನು ಉದ್ಘಾಟಿಸಿದರು. 2009ರಲ್ಲಿ ಹಿಂದುಗಡೆ ಹೊಸ ಕಟ್ಟಡವೂ ಸೇರಿತು. ಅದೇ ವರ್ಷ ಬೆಂಗಳೂರಿನ ಮಾಣಿಕ್ಯವೇಲು ಮ್ಯಾನ್ಷನ್‌ನಲ್ಲಿ ಇದರ ಶಾಖೆ ತೆರೆಯಿತು. ರಜೆಗೆ ಊರಿಗೆ ಹೋದಾಗ ಅದನ್ನೂ ನೋಡಬಹುದು.

ಒಳಗೆ ಹೊರಗಿನ ಹಾರ್ನ್ ಸದ್ದು ಕೇಳುವುದಿಲ್ಲ. ಗೋಡೆಗಳು ಬಿಳಿ, ನೆಲ ತಂಪು. ಅಮೃತಾ ಶೇರ್‌ಗಿಲ್ ಅವರ ಚಿತ್ರಗಳ ಮುಂದೆ ಮಗಳು ಬಹಳ ಹೊತ್ತು ನಿಂತಳು. ಶೇರ್‌ಗಿಲ್ ದಕ್ಷಿಣ ಭಾರತವನ್ನು ಸುತ್ತಿ ಬಂದು 1937ರಲ್ಲಿ ನಮ್ಮ ಕಡೆಯ ಜನರನ್ನು, ಬ್ರಹ್ಮಚಾರಿಗಳನ್ನು, ಸಂತೆಗೆ ಹೊರಟ ಹಳ್ಳಿಗರನ್ನು ಬರೆದವರು. ಹೆಬ್ಬಾರರ ಆರಂಭದ ಚಿತ್ರಗಳ ಮೇಲೆ ಅವರ ಪ್ರಭಾವ ಇದೆ ಎಂದು ಬಲ್ಲವರು ಹೇಳುತ್ತಾರೆ. ಆಮೇಲೆ ಹೆಬ್ಬಾರರ ತೈಲಚಿತ್ರದ ಬಳಿ ಬಂದೆವು. ನಾನು ಕಂಠಪಾಠ ಮಾಡಿಕೊಂಡು ಬಂದಿದ್ದ ಭಾಷಣವನ್ನು ಒಪ್ಪಿಸಿದೆ.

ಕಟ್ಟಿಂಗೇರಿ ಕೃಷ್ಣ ಹೆಬ್ಬಾರರು 1911ರಲ್ಲಿ ಉಡುಪಿಯ ಹತ್ತಿರದ ಕಟ್ಟಿಂಗೇರಿಯಲ್ಲಿ ಹುಟ್ಟಿದರು. ಮೈಸೂರಿನ ಚಾಮರಾಜೇಂದ್ರ ತಾಂತ್ರಿಕ ಸಂಸ್ಥೆಯಲ್ಲಿ ಸ್ವಲ್ಪ ಕಾಲ ಕಲಿತು ಬೊಂಬಾಯಿಗೆ ಹೋದರು. ಜೆ. ಜೆ. ಕಲಾಶಾಲೆಯಲ್ಲಿ ಓದಿ, ಅಲ್ಲಿಯೇ ಕೆಲವು ವರ್ಷ ಪಾಠ ಹೇಳಿದರು. 1950ರ ಆಸುಪಾಸಿನಲ್ಲಿ ಪ್ಯಾರಿಸ್ಸಿಗೆ ಹೋಗಿ ಅಕಾಡೆಮಿ ಜೂಲಿಯನ್‌ನಲ್ಲಿ ಕಲಿತರು. 1961ರಲ್ಲಿ ಪದ್ಮಶ್ರೀ, 1989ರಲ್ಲಿ ಪದ್ಮಭೂಷಣ. 1996ರಲ್ಲಿ ಮುಂಬಯಿಯಲ್ಲಿ ತೀರಿಕೊಂಡರು. ಬೆಂಗಳೂರಿನ ವೆಂಕಟಪ್ಪ ಚಿತ್ರಶಾಲೆಯ ಸಂಗ್ರಹದಲ್ಲೂ ಅವರ ಚಿತ್ರಗಳಿವೆ.

"1911? ಬೇರ್ಡನ್ ಹುಟ್ಟಿದ ವರ್ಷವೇ!" ಎಂದಳು ಮಗಳು. "ಅವರೂ 1950ರಲ್ಲಿ ಪ್ಯಾರಿಸ್ಸಿನಲ್ಲಿ ಓದುತ್ತಿದ್ದರು." ಹಾರ್ಲೆಮ್ಮಿನವರೊಬ್ಬರು, ಕಟ್ಟಿಂಗೇರಿಯವರೊಬ್ಬರು, ಒಂದೇ ವಯಸ್ಸು, ಒಂದೇ ಕಾಲಕ್ಕೆ ಒಂದೇ ಊರು. ಇಬ್ಬರ ಚಿತ್ರದಲ್ಲೂ ಸಂಗೀತ.

ಹೆಬ್ಬಾರರ ನಿಜವಾದ ಸೊಬಗು ಅವರ ರೇಖಾಚಿತ್ರಗಳಲ್ಲಿದೆ. 1964ರಲ್ಲಿ 'ದಿ ಸಿಂಗಿಂಗ್ ಲೈನ್', ಅಂದರೆ ಹಾಡುವ ಗೆರೆ, ಎಂಬ ಅವರ ರೇಖಾಚಿತ್ರಗಳ ಪುಸ್ತಕ ಹೊರಬಂತು. ಮಿತ್ರರೊಬ್ಬರ ಕಪಾಟಿನಿಂದ ಆ ಗೆರೆಚಿತ್ರಗಳ ಕೆಲವು ಮುದ್ರಿತ ಹಾಳೆಗಳನ್ನು ನಾನು ಎರವಲು ತಂದಿದ್ದೆ. ಹೊರಗೆ ಹುಲ್ಲಿನ ಮೇಲೆ ಕುಳಿತು, ಚಿತ್ರಾನ್ನದ ಡಬ್ಬಿ ತೆಗೆಯುವ ಮುಂಚೆ, ಅವನ್ನು ಅವಳ ಕೈಗೆ ಕೊಟ್ಟೆ. ಕುಣಿಯುವವರು, ವಾದ್ಯ ನುಡಿಸುವವರು. ಒಂದು ಗೆರೆ ಹೊರಟರೆ ಭುಜದಿಂದ ಇಳಿದು, ಸೊಂಟದಲ್ಲಿ ತಿರುಗಿ, ಕಾಲಿನ ತುದಿಗೆ ಬರುವವರೆಗೆ ನಿಲ್ಲುವುದಿಲ್ಲ. ಮುಖಕ್ಕೆ ಕಣ್ಣು ಮೂಗು ಎಂದು ವಿಶೇಷ ಶ್ರಮ ಪಟ್ಟಿಲ್ಲ. ಆದರೂ ಮನುಷ್ಯ ಕುಣಿಯುತ್ತಿದ್ದಾನೆ ಎಂಬುದರಲ್ಲಿ ಸಂಶಯವಿಲ್ಲ. ಕಾಗದದ ಬಹುಪಾಲು ಖಾಲಿ.

"ಇವರು ಎಲ್ಲಿ ಬಿಡಬೇಕು ಅಂತ ಹೇಗೆ ಕಲಿತರು?" ಎಂದು ಕೇಳಿದಳು.

"ಕಥಕ್ ಕಲಿತರು" ಎಂದೆ ನಾನು. ಗೆರೆಗೆ ಲಯ ಬರಬೇಕೆಂದು ಹೆಬ್ಬಾರರು ಪಂಡಿತ್ ಸುಂದರ್ ಪ್ರಸಾದ್ ಅವರಲ್ಲಿ ಎರಡು ವರ್ಷ ಕಥಕ್ ಅಭ್ಯಾಸ ಮಾಡಿದರು. ವೇದಿಕೆ ಹತ್ತುವ ಆಸೆಯಿಂದಲ್ಲ. ನೋಡಿ ಬರೆದರೆ ಸಾಲದು, ಮೈಗೆ ತಾಳ ಹತ್ತಬೇಕು ಎಂಬುದಕ್ಕೆ. ಬೆಳೆದ ಮನುಷ್ಯ, ಹೆಸರು ಮಾಡಿದ ಚಿತ್ರಕಾರ, ಎಳೆಯ ಮಕ್ಕಳಂತೆ ಗುರುವಿನೆದುರು ನಿಂತು 'ತಾ ಥೈ' ಎಂದು ಕಾಲು ಬಡಿಯುವುದನ್ನು ಊಹಿಸಿಕೊಳ್ಳಿ!

ಮಗಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ ತಲೆ ಎತ್ತದೆ ಕೇಳಿದಳು:

"ಕಥಕ್‌ಗೂ ಕನ್ನಡಕ್ಕೂ ಏನು ಸಂಬಂಧ ಅಪ್ಪ? ಉಡುಪಿಯಲ್ಲಿ ಯಕ್ಷಗಾನ ಇರಲಿಲ್ವಾ?"

ಚಿತ್ರಾನ್ನ ಗಂಟಲಲ್ಲಿ ಸಿಕ್ಕಿಕೊಂಡಿತು ಎಂದು ಬರೆದರೆ ಉತ್ಪ್ರೇಕ್ಷೆಯಾದೀತು, ಡಬ್ಬಿ ಇನ್ನೂ ತೆರೆದಿರಲಿಲ್ಲ. ಆದರೆ ನನಗೆ ಉತ್ತರ ಹೊಳೆಯಲಿಲ್ಲ. ನಮ್ಮ ಸಮಿತಿ ಅಂದು ಹೆಬ್ಬಾರರ ಮುಂದೆ ಕುಳಿತಿದ್ದರೆ ಅವರ ಗೆಜ್ಜೆಯನ್ನೂ ಮನೆಗೆ ವಾಪಸು ಕಳಿಸುತ್ತಿತ್ತು. ಮೊದಲು ಕೈ ಎತ್ತುತ್ತಿದ್ದವನು ನಾನೇ.

"ತಪ್ಪಾಯ್ತು ಕಣಮ್ಮ" ಎಂದೆ. ಅಷ್ಟೇ ಹೇಳಿದ್ದು. ಅವಳು ಡಬ್ಬಿಯ ಮುಚ್ಚಳ ತೆಗೆದು ಮೊದಲ ಪಾಲು ನನಗೆ ಕೊಟ್ಟಳು.

ಚಕ್ಕಳಮಕ್ಕಳ ಕುಳಿತ ಸ್ಯಾಕ್ಸೋಫೋನ್

ವಾಪಸು ಬರುವ ದಾರಿಯಲ್ಲಿ ಮೆಟ್ರೋದಲ್ಲಿ ಕೂರಲು ಜಾಗ ಸಿಕ್ಕಿತು. ಪಶ್ಚಾತ್ತಾಪ ಪಟ್ಟವನಿಗೆ ದೇವರು ಸೀಟು ಕೊಡುತ್ತಾನೆ! ಆಗ ನಾನು ಅಂದೆ: "ನೀನು ಕದ್ರಿ ಗೋಪಾಲನಾಥರ ಚಿತ್ರ ಬರೆಯಬಾರದೇಕೆ? ಅವರ ಕೈಯಲ್ಲೂ ಸ್ಯಾಕ್ಸೋಫೋನೇ ಇತ್ತಲ್ಲ." ಅವಳು ನಕ್ಕಳು. "ಗೊತ್ತು ಅಪ್ಪ. ರುದ್ರೇಶ್ ಮಹಾಂತಪ್ಪ ಅವರ ಜೊತೆ ನುಡಿಸಿದ್ದಾರೆ."

ಆ ಹೆಸರು ಕೇಳಿ ನನಗೆ ಆಶ್ಚರ್ಯವಾಯಿತು. ಮಹಾಂತಪ್ಪ! ನಮ್ಮ ದಾವಣಗೆರೆ, ಚಿತ್ರದುರ್ಗದ ಕಡೆ ಬೀದಿಗೊಬ್ಬರು ಸಿಗಬಹುದಾದ ಹೆಸರು. ಇದರ ಕಥೆಯನ್ನು ನೀವು, ಅಂದರೆ ಹೊರಗೆ ಹುಟ್ಟಿ ಬೆಳೆದ ಎರಡನೆಯ ತಲೆಮಾರಿನವರು, ಅವಶ್ಯವಾಗಿ ತಿಳಿದಿರಬೇಕು. ಹಾಗಾಗಿ ಮಗಳಿಂದ ಕೇಳಿದ್ದನ್ನೂ ನನಗೆ ಗೊತ್ತಿದ್ದುದನ್ನೂ ಸೇರಿಸಿ ಹೇಳುತ್ತೇನೆ.

ಸ್ಯಾಕ್ಸೋಫೋನ್ ಬೆಲ್ಜಿಯಂ ದೇಶದ ಅಡಾಲ್ಫ್ ಸ್ಯಾಕ್ಸ್ ಎಂಬಾತ ಮಾಡಿದ ವಾದ್ಯ. 1846ರಲ್ಲಿ ಆತ ಅದಕ್ಕೆ ಪೇಟೆಂಟ್ ಪಡೆದ. ಮೊದಲು ಮಿಲಿಟರಿ ಬ್ಯಾಂಡುಗಳಿಗೆ, ಆಮೇಲೆ ಅಮೆರಿಕದ ಜಾಝ್‌ಗೆ ಹೋಯಿತು. ಮೈಸೂರು ಅರಮನೆಯ ಬ್ಯಾಂಡಿಗೂ ಬಂತು. ಬಂಟ್ವಾಳ ತಾಲೂಕಿನ ಸಜಿಪಮೂಡದಲ್ಲಿ 1949ರಲ್ಲಿ ಹುಟ್ಟಿದ ಗೋಪಾಲನಾಥರ ತಂದೆ ತನಿಯಪ್ಪನವರು ನಾಗಸ್ವರ ವಿದ್ವಾಂಸರು. ಮಗನೂ ನಾಗಸ್ವರದವನೇ ಆಗಬೇಕಿತ್ತು. ಆದರೆ ಆ ಹುಡುಗ ಅರಮನೆಯ ಬ್ಯಾಂಡಿನಲ್ಲಿ ಸ್ಯಾಕ್ಸೋಫೋನ್ ಕೇಳಿ ಮರುಳಾದ. ಮೀಟುಗುಂಡಿಗಳಿರುವ ಆ ವಾದ್ಯದಲ್ಲಿ ಒಂದೊಂದು ಸ್ವರ ಬೇರೆ ಬೇರೆಯಾಗಿ ನಿಲ್ಲುತ್ತದೆ. ನಮ್ಮ ಸಂಗೀತಕ್ಕಾದರೋ ಸ್ವರ ಅಲುಗಬೇಕು, ಜಾರಬೇಕು. ಗಮಕವಿಲ್ಲದಿದ್ದರೆ ರಾಗವೇ ಇಲ್ಲ. ಮಂಗಳೂರಿನಲ್ಲಿ ಗೋಪಾಲಕೃಷ್ಣ ಅಯ್ಯರ್, ಮದ್ರಾಸಿನಲ್ಲಿ ಟಿ. ವಿ. ಗೋಪಾಲಕೃಷ್ಣನ್ ಅವರಲ್ಲಿ ಕಲಿತು, ವಾದ್ಯದಲ್ಲೇ ಕೆಲವು ಮಾರ್ಪಾಡು ಮಾಡಿಕೊಂಡು, ಸುಮಾರು ಇಪ್ಪತ್ತು ವರ್ಷ ಸಾಧನೆ ಮಾಡಿ ಅದನ್ನು ಕರ್ನಾಟಕ ಸಂಗೀತಕ್ಕೆ ಒಗ್ಗಿಸಿದರು. 1980ರಲ್ಲಿ ಬೊಂಬಾಯಿಯ ಜಾಝ್ ಉತ್ಸವದಲ್ಲಿ ಅಮೆರಿಕದ ಜಾನ್ ಹ್ಯಾಂಡಿ ಅವರೊಂದಿಗೆ ನುಡಿಸಿದರು. 1994ರಲ್ಲಿ ಲಂಡನ್ನಿನ ಬಿಬಿಸಿ ಪ್ರಾಮ್ಸ್ ಉತ್ಸವದಲ್ಲಿ ಕಚೇರಿ ಕೊಟ್ಟರು. 2004ರಲ್ಲಿ ಪದ್ಮಶ್ರೀ ಬಂತು. 2019ರ ಅಕ್ಟೋಬರ್ 11ರಂದು ಮಂಗಳೂರಿನಲ್ಲಿ ನಿಧನರಾದರು.

ಇನ್ನು ರುದ್ರೇಶ್ ಮಹಾಂತಪ್ಪ. 1971ರಲ್ಲಿ ಹುಟ್ಟಿದವರು, ಕರ್ನಾಟಕ ಮೂಲದ ಕುಟುಂಬ, ತಂದೆ ಭೌತಶಾಸ್ತ್ರದ ಪ್ರಾಧ್ಯಾಪಕರು. ಬೆಳೆದದ್ದು ಅಮೆರಿಕದ ಕೊಲರಾಡೋದಲ್ಲಿ, ನುಡಿಸಿದ್ದು ಜಾಝ್. ಭಾರತೀಯ ಹೆಸರಿದೆ ಎಂದ ಮೇಲೆ ಭಾರತೀಯ ಸಂಗೀತ ಗೊತ್ತಿರಲೇಬೇಕು ಎಂದು ಜನ ತಿಳಿಯುತ್ತಿದ್ದರು, ಆದರೆ ಅವರಿಗೆ ಗೊತ್ತಿರಲಿಲ್ಲ. ಈ ಮುಜುಗರ ನಿಮ್ಮಲ್ಲಿ ಅನೇಕರಿಗೆ ಹೊಸದಲ್ಲ. ವಿದ್ಯಾರ್ಥಿಯಾಗಿದ್ದಾಗ ಅವರ ಅಣ್ಣ ತಮಾಷೆಗೆಂದು ಗೋಪಾಲನಾಥರ ಒಂದು ಸ್ಯಾಕ್ಸೋಫೋನ್ ಧ್ವನಿಮುದ್ರಿಕೆಯನ್ನು ಉಡುಗೊರೆ ಕೊಟ್ಟರು. ತಮಾಷೆ ಅಲ್ಲಿಗೆ ಮುಗಿಯಲಿಲ್ಲ. ಮುಂದೆ ಮಹಾಂತಪ್ಪ ಭಾರತಕ್ಕೆ ಬಂದು ಗೋಪಾಲನಾಥರ ಬಳಿ ಕುಳಿತು ಕೇಳಿದರು, ಕಲಿತರು. 2008ರಲ್ಲಿ ಇಬ್ಬರೂ ಸೇರಿ ನುಡಿಸಿದ 'ಕಿನ್ಸ್‌ಮೆನ್' ಎಂಬ ಆಲ್ಬಮ್ ಬಂತು. ಕಿನ್ಸ್‌ಮೆನ್ ಎಂದರೆ ಬಂಧುಗಳು. ಪಿಟೀಲು, ಮೃದಂಗ, ಗಿಟಾರು ಎಲ್ಲವೂ ಅದರಲ್ಲಿದೆ. ಎರಡು ಸ್ಯಾಕ್ಸೋಫೋನುಗಳು ಒಂದಕ್ಕೊಂದು ಉತ್ತರ ಕೊಡುವುದನ್ನು ಕೇಳಿ. ಯಾವುದು ಸಜಿಪಮೂಡ, ಯಾವುದು ಕೊಲರಾಡೋ ಎಂದು ಮೊದಲು ಗೊತ್ತಾಗುತ್ತದೆ. ಸ್ವಲ್ಪ ಹೊತ್ತಾದ ಮೇಲೆ ಅದನ್ನು ಲೆಕ್ಕ ಹಾಕುವುದನ್ನೇ ಮರೆಯುತ್ತೇವೆ.

ಬೆಲ್ಜಿಯಂನವನ ವಾದ್ಯ ಗೋಪಾಲನಾಥರದ್ದಾಯಿತು. ಉತ್ತರದ ಕಥಕ್ ಹೆಬ್ಬಾರರ ಗೆರೆಯಾಯಿತು. ಹುಟ್ಟಿನಿಂದ ಬಂದದ್ದರಿಂದಲ್ಲ, ಒಬ್ಬರು ಇಪ್ಪತ್ತು ವರ್ಷ, ಇನ್ನೊಬ್ಬರು ಎರಡು ವರ್ಷ, ದಿನವೂ ಕುಳಿತು ಕಲಿತದ್ದರಿಂದ. ಮಹಾಂತಪ್ಪನವರಿಗೆ ತಮ್ಮ ಮೂಲದ ಸಂಗೀತವೂ ಹೆಸರಿನಿಂದ ಬರಲಿಲ್ಲ, ಕುಳಿತಿದ್ದರಿಂದಲೇ ಬಂತು. ಕನ್ನಡವೂ ಹೀಗೆಯೇ ಎಂದು ನನಗೆ ಈಗ ಅನ್ನಿಸುತ್ತದೆ. "ನಿಮ್ಮ ಕನ್ನಡ ಸರಿಯಿಲ್ಲ" ಎಂದು ನಿಮ್ಮನ್ನು ಯಾರಾದರೂ ಅಂದರೆ ಅಂಜಬೇಡಿ. ಸಜಿಪಮೂಡದ ಹುಡುಗ ಮೊದಲ ದಿನ ಊದಿದಾಗ ಸ್ಯಾಕ್ಸೋಫೋನೂ ಸರಿಯಾಗಿ ನುಡಿದಿರಲಾರದು.

ಕೊಡೆ ಹಿಡಿದ ವಿದ್ವಾಂಸ

ಮನೆಗೆ ಬಂದ ಮಗಳು ಗೋಪಾಲನಾಥರ ಚಿತ್ರಕ್ಕೆ ಕೈ ಹಾಕಿದಳು. ತೊಂದರೆ ಶುರುವಾಯಿತು. ಜಾಝ್ ವಾದಕರು ನಿಂತು ನುಡಿಸುತ್ತಾರೆ. ಬೆನ್ನು ಬಾಗುತ್ತದೆ, ಮೊಣಕಾಲು ಮಡಿಯುತ್ತದೆ, ವಾದ್ಯ ಗಾಳಿಯಲ್ಲಿ ಓಲಾಡುತ್ತದೆ. ಅವಳ ಕೈಗೆ ಆ ಗೆರೆ ಅಭ್ಯಾಸವಾಗಿತ್ತು. ಗೋಪಾಲನಾಥರಾದರೋ ಕಚೇರಿಯಲ್ಲಿ ಚಕ್ಕಳಮಕ್ಕಳ ಹಾಕಿ ಕುಳಿತು, ಹಣೆಯಲ್ಲಿ ಕುಂಕುಮ, ಮೈಮೇಲೆ ಮಿರುಗುವ ಜುಬ್ಬಾ, ಕೈಯಲ್ಲಿ ಆ ಬಂಗಾರದ ಬಣ್ಣದ ವಾದ್ಯ ಹಿಡಿಯುತ್ತಿದ್ದವರು. ಕುಳಿತ ದೇಹದಲ್ಲಿ ಚಲನೆ ಎಲ್ಲಿದೆ? ನಾಲ್ಕು ಹಾಳೆ ಹರಿದಳು. ಊರಿಗೆ ಫೋನ್ ಮಾಡಿ ಅಜ್ಜಿಯನ್ನು ಕೇಳಿದಳು. ನನ್ನ ಅತ್ತೆಯವರದ್ದು ಬಂಟ್ವಾಳದ ಕಡೆಯೇ. "ನಾನು ದೇವಸ್ಥಾನದ ಜಾತ್ರೆಯಲ್ಲಿ ಅವರನ್ನು ಕೇಳಿದ್ದೇನೆ ಮಗಾ. ಮೈ ಅಲ್ಲಾಡುತ್ತಿರಲಿಲ್ಲ. ಕೆನ್ನೆ ಮತ್ತು ಬೆರಳು ನೋಡು" ಎಂದರು. ಅರ್ಧ ಗಂಟೆ ಅಜ್ಜಿ ಮೊಮ್ಮಗಳು ಮಾತಾಡಿದರು. ಒಂದು ಪದವೂ ಹಿಂದಿ ಇಲ್ಲ.

ಕೊನೆಗೆ ನನ್ನನ್ನೇ ಹಾಲಿನಲ್ಲಿ ಜಮಖಾನದ ಮೇಲೆ ಕೂರಿಸಿದಳು. ಸ್ಯಾಕ್ಸೋಫೋನಿಗೆ ಬದಲು ಕೈಗೆ ನನ್ನ ಹಳೆಯ ಕೊಡೆ. ಹಿಡಿ ಬಾಗಿದ ಕೊಡೆಯನ್ನು ತಲೆಕೆಳಗು ಹಿಡಿದರೆ ಹೆಚ್ಚುಕಡಿಮೆ ಆ ವಾದ್ಯದ ಆಕಾರವೇ! ಹತ್ತು ನಿಮಿಷಕ್ಕೆ ಮೊಣಕಾಲು ಬೇಡವೆಂದಿತು. ಭಾವಚಿತ್ರಕ್ಕೆ ಕೂತವನು ಅಲುಗಬಾರದು ಎಂದು ಉಸಿರು ಬಿಗಿಹಿಡಿದು ಕುಳಿತಿದ್ದೆ.

"ಅಪ್ಪ, ಹಾಗೆ ಗೊಂಬೆ ಥರ ಕೂತರೆ ಬರಲ್ಲ" ಎಂದಳು. "ತಾಳ ಹಾಕಿ."

ಆದಿತಾಳ ಹಾಕುತ್ತಾ ಕುಳಿತೆ. ಅಷ್ಟರಲ್ಲಿ ಒಂದು ವಿಮಾನ ಬಂತು, ಕಿಟಕಿಗಳು ಗುಂಯ್‌ಗುಟ್ಟಿದವು. ಅವಳ ಪೆನ್ಸಿಲ್ ನಿಂತಿತು, ನನ್ನ ತಾಳ ನಿಲ್ಲಲಿಲ್ಲ. ಅದು ಹೋದ ಮೇಲೆ ಗೆರೆ ಮತ್ತೆ ಹೊರಟಿತು.

ಚಿತ್ರ ಇನ್ನೂ ಪೂರ್ತಿಯಾಗಿಲ್ಲ. ಬಳಗದ ಮುಂದಿನ ಪ್ರದರ್ಶನಕ್ಕೆ ಅದನ್ನು ಕೊಡುತ್ತಾಳೋ ಇಲ್ಲವೋ ಅವಳ ಇಷ್ಟ. ನಾನು ಸಮಿತಿಯಲ್ಲಿ ಹೇಳಬೇಕಾದ್ದನ್ನು ಹೇಳಿದ್ದೇನೆ: ಡಿಜ್ಜಿ ಗಿಲೆಸ್ಪಿಗೂ ಒಂದು ಮೊಳೆ ಹೊಡೆಯಿರಿ, ಗೋಪಾಲನಾಥರ ಪಕ್ಕದಲ್ಲೇ.

ನೀವೂ ಒಮ್ಮೆ ಹೋಗಿ ಬನ್ನಿ. ಜೈಪುರ್ ಹೌಸ್‌ಗೆ ಸೋಮವಾರ ರಜೆ. ಚಿತ್ರಗಳನ್ನು ಕಾಲಕಾಲಕ್ಕೆ ಬದಲಾಯಿಸುತ್ತಾರೆ, ಆದ್ದರಿಂದ ಹೋದ ಸಲ ಕಂಡದ್ದು ಈ ಸಲ ಕಾಣದೇ ಇರಬಹುದು. ಊಟದ ಡಬ್ಬಿ ಒಯ್ಯಿರಿ. ಮನೆಯ ಹಿರಿಯರೊಬ್ಬರನ್ನು ಜೊತೆಗೆ ಕರೆದುಕೊಂಡು ಹೋಗಿ, ಇಯರ್‌ಫೋನಿನ ಒಂದು ತುದಿಯನ್ನು ಅವರ ಕಿವಿಗೆ ಕೊಡಿ.